ಅತ್ತ ಅಣ್ಣ, ಇತ್ತ ತಮ್ಮ, ನಡುವೆ ನಾನು

ಪ್ರಶ್ನೆ: ಮೇಡಂ, ನಮಸ್ಕಾರ. ನನಗೆ 43 ವರ್ಷ. ಒಬ್ಬ ಅಣ್ಣ, ಒಬ್ಬ ತಮ್ಮ. ಅಮ್ಮ ಅಣ್ಣನ ಮನೆಯಲ್ಲಿದ್ದಾರೆ. ತಮ್ಮ ಹೊರದೇಶಕ್ಕೆ ಹೋಗಿ 16 ವರ್ಷ ಆಯಿತು, ಅಲ್ಲಿಯವಳನ್ನೇ ಮದುವೆಯಾಗಿದ್ದಾನೆ. ಹೋದ ವರ್ಷ ಅಮ್ಮನ ಆಸ್ಪತ್ರೆ ಖರ್ಚಿನ ವಿಷಯದಲ್ಲಿ ಮನಸ್ತಾಪ ಬಂತು. ತಮ್ಮ ಒಂದು ಇಮೇಲ್ ಬರೆದ. ಅಣ್ಣ ಎಲ್ಲೆಲ್ಲಿ ತಪ್ಪಿದ ಅಂತ ನಂಬರ್ ಹಾಕಿ ಏಳು ಅಂಶ. ಖರ್ಚಿನ ಲೆಕ್ಕವನ್ನೂ ಕೇಳಿದ್ದ. ನನಗೆ, ಅತ್ತಿಗೆಗೆ, ತನ್ನ ಹೆಂಡತಿಗೆ ಎಲ್ಲರಿಗೂ ಕಾಪಿ ಹಾಕಿದ್ದ. ಅಣ್ಣ ಉತ್ತರ ಕೊಡಲಿಲ್ಲ. ಅದನ್ನು ಪ್ರಿಂಟ್ ತೆಗೆಸಿ, ಮಡಚಿ ಬೀರುವಿನಲ್ಲಿ ಇಟ್ಟುಕೊಂಡಿದ್ದಾನೆ. 14 ತಿಂಗಳಿಂದ ಇಬ್ಬರಿಗೂ ಮಾತಿಲ್ಲ. ಈಗ ತಮ್ಮ ವೃತ್ತಿಪರ ಮಧ್ಯಸ್ಥಗಾರರೊಬ್ಬರನ್ನು ಗೊತ್ತು ಮಾಡಿ, ವಿಡಿಯೊ ಕಾಲ್‌ನಲ್ಲಿ 90 ನಿಮಿಷ ಎಲ್ಲರೂ ಕೂತು ಮಾತಾಡೋಣ ಅನ್ನುತ್ತಾನೆ. 'ಮನೆ ಮಾತಿಗೆ ಮೂರನೆಯವರು ಯಾಕೆ? ಮನಸ್ಸಿದ್ದರೆ ಮನೆಗೆ ಬರಲಿ' ಅಂತ ಅಣ್ಣ. ಅಮ್ಮನ ಟೆಸ್ಟ್ ರಿಪೋರ್ಟ್ ಮಾತ್ರ ತಿಂಗಳಿಗೊಂದು ಸಲ ನನಗೆ ಕಳಿಸಿ, 'ಬೇಕಾದವರಿಗೆ ಕಳಿಸು' ಅಂತ ಬರೆಯುತ್ತಾನೆ. ಇಬ್ಬರೂ 'ನೀನೇ ಅವನಿಗೆ ಹೇಳು' ಅನ್ನುತ್ತಾರೆ. ರಾಜಿ ಮಾಡಿಸುವವರು ಯಾರ ಕಡೆಯವರೂ ಆಗಿರಬಾರದಂತೆ. ನಾನು ಇಬ್ಬರ ಕಡೆಯವಳೂ ಹೌದು. ಏನು ಮಾಡಲಿ?

ಉತ್ತರ: ನಿಮ್ಮ ಪತ್ರದಲ್ಲಿ ನೀವು ಸುಮ್ನೆ ಹೇಳಿ ಮುಂದೆ ಹೋದ ಒಂದು ಮಾತಿದೆ. ನನ್ನ ಕಣ್ಣು ಅಲ್ಲೇ ನಿಂತಿತು. 'ಬೇಕಾದವರಿಗೆ ಕಳಿಸು.' ನಿಮ್ಮ ಅಣ್ಣ ಮಾತು ಬಿಟ್ಟಿಲ್ಲ ನೋಡಿ. ತಿಂಗಳಿಗೊಮ್ಮೆ ತಮ್ಮನ ಹತ್ತಿರ ಮಾತಾಡುತ್ತಲೇ ಇದ್ದಾರೆ. ಹೆಸರು ಎತ್ತದೆ, ನಿಮ್ಮ ಕೈಯಲ್ಲಿ ಕೊಟ್ಟು.

ತಮ್ಮನ ಇಮೇಲನ್ನೂ ಇದೇ ಕಣ್ಣಿನಿಂದ ಇನ್ನೊಮ್ಮೆ ಓದಿ. ನಿಮಗೆಲ್ಲ ಅದು ಚಾರ್ಜ್‌ಶೀಟ್ ಥರ ಕಂಡಿದೆ. ಆದರೆ ಇದ್ದದ್ದನ್ನು ಇದ್ದ ಹಾಗೆ ಹೇಳುವುದೇ ಪ್ರಾಮಾಣಿಕತೆ, ಮನಸ್ಸಿನಲ್ಲಿಟ್ಟುಕೊಂಡು ಮೇಲೆ ನಗುವುದೇ ಮೋಸ ಅಂತ ನಂಬುವ ಕಡೆ ಅವರು 16 ವರ್ಷ ಬದುಕಿರಬಹುದು. ಸಂಬಂಧ ಮುರಿದರೆ ಮುರಿಯಲಿ ಅಂದುಕೊಂಡವರು ಏಳು ಅಂಶ ಕೂತು ಬರೆಯುವುದಿಲ್ಲ. ಫೋನ್ ನಂಬರ್ ಬ್ಲಾಕ್ ಮಾಡಿ ಸುಮ್ಮನಾಗುತ್ತಾರೆ.

ಹಾಗಾಗಿ ನಿಮ್ಮ ಮನೆಯಲ್ಲಿ ಎರಡು ಜಗಳ ಇವೆ. ಒಂದು ಅಮ್ಮನ ಖರ್ಚಿನದ್ದು. ಇನ್ನೊಂದು, ಜಗಳವನ್ನು ಹೇಗೆ ಆಡಬೇಕು, ಹೇಗೆ ಮುಗಿಸಬೇಕು ಅನ್ನುವುದರ ಮೇಲಿನ ಜಗಳ. 14 ತಿಂಗಳಿಂದ ನಡೆಯುತ್ತಿರುವುದು ಈ ಎರಡನೆಯದ್ದು. ಅದು ಬಗೆಹರಿಯದೆ ಮೊದಲನೆಯದಕ್ಕೆ ಕೈ ಹಾಕಲಾಗುವುದಿಲ್ಲ.

ಅಮೆರಿಕದ ಮಾನವಶಾಸ್ತ್ರಜ್ಞ ಎಡ್ವರ್ಡ್ ಟಿ. ಹಾಲ್ 1976ರಲ್ಲೇ ಇದನ್ನು ಬಿಡಿಸಿ ಹೇಳಿದ್ದರು. ಕೆಲವು ಸಮಾಜಗಳಲ್ಲಿ ಹೇಳಬೇಕಾದದ್ದೆಲ್ಲ ಮಾತಿನಲ್ಲೇ ಬರಬೇಕು. ಬಾಯಿ ಬಿಟ್ಟು ಹೇಳದಿದ್ದರೆ ಹೇಳಿದಂತಲ್ಲ. ಇನ್ನು ಕೆಲವು ಕಡೆ ಮಾತು ಸ್ವಲ್ಪವೇ. ಯಾರು ಹೇಳಿದರು, ಯಾವಾಗ, ಯಾರ ಮುಂದೆ, ಏನನ್ನು ಹೇಳದೆ ಬಿಟ್ಟರು ಅನ್ನುವುದರಲ್ಲೇ ಅರ್ಥವೆಲ್ಲ ಇರುತ್ತದೆ. ಒಂದೇ ತಾಯಿಯ ಮಕ್ಕಳು ಬೇರೆ ಬೇರೆ ಕಡೆ ಬೆಳೆದು ಹೀಗೆ ಎರಡು ದಡ ಸೇರಬಹುದು. ಮಾತು ಒಂದೇ ಭಾಷೆಯದು, ಕೇಳುವ ಕಿವಿ ಬೇರೆ.

ಇನ್ನು ಮರ್ಯಾದೆ. ಸ್ಟೆಲ್ಲಾ ಟಿಂಗ್-ಟೂಮಿ ಅನ್ನುವ ವಿದ್ವಾಂಸೆ ಜಗಳಗಳಲ್ಲಿ ಜನ ಮರ್ಯಾದೆಯನ್ನು ಹೇಗೆ ಕಾಪಾಡಿಕೊಳ್ಳುತ್ತಾರೆ ಅನ್ನುವುದರ ಮೇಲೆ ವರ್ಷಗಟ್ಟಲೆ ಕೆಲಸ ಮಾಡಿದ್ದಾರೆ. ವ್ಯಕ್ತಿಗೆ ಜಾಸ್ತಿ ಬೆಲೆ ಕೊಡುವ ಕಡೆ ಜನ ತಮ್ಮ ಮರ್ಯಾದೆಯನ್ನು ತಾವು ನೋಡಿಕೊಳ್ಳುತ್ತಾರೆ. ಗುಂಪಿಗೆ ಬೆಲೆ ಕೊಡುವ ಕಡೆ ಎದುರಿನವರ ಮರ್ಯಾದೆ ಉಳಿಸುವ ಹೊಣೆಯೂ ನಮ್ಮದೇ. ಇದನ್ನು ಮನಸ್ಸಿನಲ್ಲಿಟ್ಟುಕೊಂಡು ನೋಡಿದರೆ ನಿಮ್ಮ ಅಣ್ಣನನ್ನು ಚುಚ್ಚಿದ್ದು ಆ ಏಳು ಅಂಶ ಅಲ್ಲ ಅನಿಸುತ್ತದೆ. ಚುಚ್ಚಿದ್ದು ಆ ಕಾಪಿ. ಹೆಂಡತಿ, ತಂಗಿ, ತಮ್ಮನ ಹೆಂಡತಿ ಎಲ್ಲರೂ ಓದಿದರಲ್ಲ, ಅದು. ಅದೇ ಮಾತನ್ನು ಬಾಗಿಲು ಹಾಕಿಕೊಂಡು ಒಬ್ಬರೇ ಇದ್ದಾಗ ಹೇಳಿದ್ದರೆ ಕೂಗಾಡುತ್ತಿದ್ದರೇನೋ, ಸಂಜೆಗೆ ತಣ್ಣಗಾಗುತ್ತಿದ್ದರು. ತಮ್ಮನ ಲೆಕ್ಕದಲ್ಲಿ ಕಾಪಿ ಹಾಕುವುದು ಮುಚ್ಚುಮರೆ ಇಲ್ಲ ಅನ್ನುವುದಕ್ಕೆ ಗುರುತು. ಇಬ್ಬರೂ ತಮಗೆ ಗೊತ್ತಿರುವ ಸರಿಯನ್ನೇ ಮಾಡಿದ್ದಾರೆ.

ಇಲ್ಲಿ ಒಂದು ಎಚ್ಚರಿಕೆ. ಎಲ್ಲವನ್ನೂ ಸಂಸ್ಕೃತಿಯ ತಲೆಗೆ ಕಟ್ಟಬೇಡಿ. ಮುಂಗೋಪದ ತಮ್ಮಂದಿರು, ಹಟಮಾರಿ ಅಣ್ಣಂದಿರು ಎಲ್ಲ ದೇಶದಲ್ಲೂ ಇದ್ದಾರೆ. 'ಹಿರಿಯರು, ಮರ್ಯಾದೆ' ಅನ್ನುವ ಹೆಸರಿನಲ್ಲಿ ಆಗುವ ರಾಜಿಗೆ ಬೆಲೆ ತೆರುವವರು ಸಾಮಾನ್ಯವಾಗಿ ಚಿಕ್ಕವರು, ಇಲ್ಲವೇ ಹೆಂಗಸರು. ಅದು ಶಾಂತಿಯಲ್ಲ, ಬಾಯಿ ಮುಚ್ಚಿಸಿದ್ದು. ತಮ್ಮ ಕೇಳಿದ ಲೆಕ್ಕ ನಿಜವಾದ ಪ್ರಶ್ನೆ. ಕೇಳಿದ ರೀತಿ ತಪ್ಪಾಯಿತು ಅಂತ ಉತ್ತರ ಕೊಡದೆ ಇರುವ ಹಾಗಿಲ್ಲ. ಇದನ್ನು ಅಣ್ಣನಿಗೆ ನೀವು ಹೇಳಲೇಬೇಕು, ಒಬ್ಬರೇ ಇದ್ದಾಗ.

ಯಾರ ಕಡೆಯವರೂ ಅಲ್ಲದವರೇ ರಾಜಿ ಮಾಡಿಸಬೇಕು ಅನ್ನುವುದು ಒಂದು ಪದ್ಧತಿ ಮಾತ್ರ. ಪರಿಚಯವಿಲ್ಲದವರು, ಹೊತ್ತು ಗೊತ್ತು ಮಾಡಿದ ಮೀಟಿಂಗ್, ಪಟ್ಟಿ ಮಾಡಿದ ವಿಷಯ, ಕೊನೆಗೆ ಬರಹದಲ್ಲಿ ಒಪ್ಪಂದ. ಇದು ಚೆನ್ನಾಗಿ ಕೆಲಸ ಮಾಡುವ ಕಡೆಗಳಿವೆ. ಆದರೆ ಶಾಂತಿ ಸಂಧಾನದಲ್ಲಿ ಹೆಸರಾದ ಜಾನ್ ಪಾಲ್ ಲೆಡರಾಕ್ 1980ರ ದಶಕದಲ್ಲಿ ಮಧ್ಯ ಅಮೆರಿಕದಲ್ಲಿ ಕೆಲಸ ಮಾಡುವಾಗ ಬೇರೆಯದನ್ನೇ ಕಂಡರು. ಅಲ್ಲಿನ ಜನ ಹುಡುಕಿಕೊಂಡು ಹೋಗುತ್ತಿದ್ದದ್ದು ಹೊರಗಿನವರನ್ನಲ್ಲ, ತಮ್ಮನ್ನು ಬಲ್ಲವರನ್ನು, ನಂಬಬಹುದಾದವರನ್ನು, ಜಗಳ ಮುಗಿದ ಮೇಲೂ ಅಲ್ಲೇ ಇರುವವರನ್ನು. ಒಳಗಿನವರು, ಸಂಬಂಧ ಇರುವವರು. ಅದೇ ಅವರ ಅರ್ಹತೆ. ನೀವು ಇಬ್ಬರ ಕಡೆಯವಳೂ ಹೌದು ಅಂದಿರಿ. ಅದನ್ನು ಕೊರತೆ ಅಂತ ಬರೆದಿರಿ. ನನಗೆ ಹಾಗನಿಸಲಿಲ್ಲ.

ಹಾಗಂತ ಮಧ್ಯಸ್ಥಗಾರರನ್ನು ಬೇಡ ಅನ್ನಬೇಡಿ. ತಮ್ಮನಿಗೆ ಅವರು ಬೇಕು. ಅಣ್ಣನ ಮಾತೇ ನಡೆಯುವ ಮನೆಯಲ್ಲಿ ತನ್ನ ಮಾತಿಗೂ ಜಾಗ ಸಿಗುತ್ತದೆ ಅನ್ನುವ ಧೈರ್ಯ ಅದು. ನ್ಯೂಜಿಲೆಂಡ್‌ನಲ್ಲಿ ಮಕ್ಕಳ ವಿಷಯದ ತೀರ್ಮಾನಗಳಿಗಾಗಿ 1989ರಲ್ಲಿ ಬಂದ ಕಾನೂನು ಕುಟುಂಬ ಸಭೆ ಅನ್ನುವುದನ್ನು ತಂದಿತು. ಅಲ್ಲಿನ ಮಾವೋರಿ ಜನರ ಕುಟುಂಬದ ಕಲ್ಪನೆಯಿಂದ ಬೆಳೆದದ್ದು ಅದು. ಸರ್ಕಾರದವರು, ತಜ್ಞರು ಬಂದು ವಿಷಯ ಹೇಳುತ್ತಾರೆ. ಆಮೇಲೆ ಕೋಣೆಯಿಂದ ಎದ್ದು ಹೊರಗೆ ಹೋಗುತ್ತಾರೆ. ಮನೆಯವರೇ ಕೂತು ಮಾತಾಡಿ, ಒಂದು ದಾರಿ ಕಂಡುಕೊಂಡ ಮೇಲೆ ಮತ್ತೆ ಒಳಗೆ ಕರೆಯುತ್ತಾರೆ. ಆ ಎದ್ದು ಹೋಗುವುದು ನನಗೆ ತುಂಬ ಇಷ್ಟ. ನಿಮಗೂ ಇದು ಆಗಿಬರಬಹುದು. ಮಧ್ಯಸ್ಥಗಾರರು ಮೊದಲು ಒಬ್ಬೊಬ್ಬರ ಹತ್ತಿರ ಬೇರೆ ಬೇರೆ ಮಾತಾಡಲಿ. ಲೆಕ್ಕದ ಕಾಗದಗಳನ್ನು ಒಪ್ಪ ಮಾಡಿಕೊಡಲಿ. ಮುಖ್ಯ ಮಾತು ಮೂವರು ಒಡಹುಟ್ಟಿದವರದ್ದೇ ಇರಲಿ. ಹೆಂಡತಿಯರು ಆ ಕೋಣೆಯಲ್ಲಿ ಇರುವುದು ಬೇಡ. ಆದರೆ ದಿನವೂ ಅಮ್ಮನನ್ನು ನೋಡಿಕೊಳ್ಳುವ ಅತ್ತಿಗೆಯ ಮಾತನ್ನು ಮೊದಲೇ ಕೇಳಿಕೊಂಡು ಹೋಗಿ. ಅವರ ಹೆಸರು ನಿಮ್ಮ ಪತ್ರದಲ್ಲಿ ಕಾಪಿ ಹೋದ ಕಡೆ ಮಾತ್ರ ಬಂದಿದೆ.

90 ನಿಮಿಷದ ಲೆಕ್ಕ ಮಾತ್ರ ಬಿಟ್ಟುಬಿಡಿ. 'ಮನುಷ್ಯರನ್ನೂ ಸಮಸ್ಯೆಯನ್ನೂ ಬೇರೆ ಬೇರೆ ಇಡಿ' ಅನ್ನುವುದು ಸಂಧಾನದ ಬಗ್ಗೆ ಪುಸ್ತಕ ಬರೆದ ರೋಜರ್ ಫಿಶರ್, ವಿಲಿಯಂ ಯೂರಿ 1981ರಲ್ಲಿ ಕೊಟ್ಟ ಪ್ರಸಿದ್ಧ ಸಲಹೆ. ತಮ್ಮನಿಗೆ ಅದು ತಕ್ಷಣ ಹಿಡಿಸುತ್ತದೆ. ಅಣ್ಣನಿಗೆ ಹಿಡಿಸುವುದಿಲ್ಲ. ಅವರ ಪಾಲಿಗೆ ತಮ್ಮ ಹೀಗೆ ಬರೆದನಲ್ಲ ಅನ್ನುವುದೇ ಸಮಸ್ಯೆ. ಹಣದ ಮಾತು ಬರುವ ಮೊದಲು ಬರೀ ಕುಶಲ ಕೇಳುವುದಕ್ಕೇ ಒಂದು ಫೋನ್ ಬೇಕಾಗಬಹುದು. ಒಂದು ಬಾರಿ ಬೇರೊಂದು ಜಗಳದಲ್ಲಿ ನಾನು ಇದನ್ನು ಗಮನಿಸದೆ ಇಬ್ಬರನ್ನು ಮೊದಲ ದಿನವೇ ಎದುರುಬದುರು ಕೂರಿಸಿದೆ. ಅವರಲ್ಲಿ ಹಿರಿಯರು ಹತ್ತು ನಿಮಿಷಕ್ಕೆ ಎದ್ದು ಹೋದರು. ಅವರನ್ನು ಮತ್ತೆ ಕರೆತರಲು ಐದು ತಿಂಗಳು ಬೇಕಾಯಿತು.

ಮಾತು ಶುರುವಾದಾಗ, ಹವಾಯಿ ದ್ವೀಪಗಳ ಕುಟುಂಬಗಳಲ್ಲಿ ಹಿಂದಿನಿಂದ ನಡೆದು ಬಂದ ಹೊಓಪೊನೊಪೊನೊ ಅನ್ನುವ ಕ್ರಮದಿಂದ ಒಂದು ವಿಷಯ ತೆಗೆದುಕೊಳ್ಳಿ. ಅಲ್ಲಿ ಜಗಳ ಆಡಿದವರು ಒಬ್ಬರಿಗೊಬ್ಬರು ನೇರ ಮಾತಾಡುವುದಿಲ್ಲ. ಇಬ್ಬರೂ ನಡೆಸಿಕೊಡುವ ಹಿರಿಯರಿಗೇ ಹೇಳುತ್ತಾರೆ. ಸಿಟ್ಟು ಏರಿದರೆ ಎಲ್ಲರೂ ಸ್ವಲ್ಪ ಹೊತ್ತು ಸುಮ್ಮನಾಗುತ್ತಾರೆ. ನೀವೂ ಅಷ್ಟೇ ಮಾಡಿ. 'ಅವನಿಗೆ ಹೇಳಬೇಡ, ನನಗೆ ಹೇಳು' ಅನ್ನಿ. ಕೇಳಬೇಕಾದವರು ಪಕ್ಕದಲ್ಲೇ ಕೂತು ಕೇಳಿಸಿಕೊಳ್ಳುತ್ತಿರುತ್ತಾರೆ.

ಒಂದು ಮಾತು ನಿಮಗಾಗಿ. ಅವರಿವರ ಮಾತನ್ನು ನಯ ಮಾಡಿ ದಾಟಿಸುತ್ತಿದ್ದರೆ ಇವತ್ತೇ ನಿಲ್ಲಿಸಿ. ಒಂದು ದಿನ ಇಬ್ಬರೂ ಮಾತಾಡಿಕೊಂಡಾಗ ನೀವು ಸುಳ್ಳು ಹೇಳಿದಂತಾಗುತ್ತದೆ, ಇಬ್ಬರ ನಂಬಿಕೆಯೂ ಹೋಗುತ್ತದೆ. 'ಇದನ್ನು ಅವನಿಗೆ ಹೇಳಲಾ, ಬೇಡವಾ?' ಅಂತ ಕೇಳಿ, ಹೇಳು ಅಂದದ್ದನ್ನು ಅಂದ ಹಾಗೇ ಹೇಳಿ. ಬೇಡ ಅಂದದ್ದು ನಿಮ್ಮಲ್ಲೇ ಉಳಿಯಲಿ.

ಅಮ್ಮನ ಖರ್ಚು, ಅಮ್ಮನ ಆರೈಕೆ, ಅಮ್ಮನ ರಿಪೋರ್ಟ್. ಇಷ್ಟು ಬರೆದಿರಿ. ಅಮ್ಮ ಏನಂದರು ಅಂತ ಮಾತ್ರ ಬರೆಯಲಿಲ್ಲ. ಅವರ ಕಿವಿಗೆ ಬೀಳದಿರಲಿ ಅಂತ ಎಲ್ಲರೂ ಮುಚ್ಚಿಟ್ಟಿದ್ದೀರಿ ಅನಿಸುತ್ತದೆ. ಆದರೆ ಅವರು ಅದೇ ಮನೆಯಲ್ಲಿದ್ದಾರೆ. 14 ತಿಂಗಳಿಂದ ಒಬ್ಬ ಮಗನ ಹೆಸರು ಆ ಮನೆಯಲ್ಲಿ ಕೇಳಿಸಿಲ್ಲ ಅನ್ನುವುದು ಅವರಿಗೆ ತಿಳಿಯದೆ ಇರುತ್ತದೆಯೇ? ಒಬ್ಬರೇ ಹೋಗಿ, ಪಕ್ಕದಲ್ಲಿ ಕೂತು ಕೇಳಿ. ಎಲ್ಲಿರಬೇಕು ಅನಿಸುತ್ತದೆ, ಯಾರಿಂದ ಏನು ಬೇಕು ಅನಿಸುತ್ತದೆ ಅಂತ.

ಮುಂದಿನ ರಿಪೋರ್ಟ್ ಬಂದಾಗ ತಮ್ಮನಿಗೆ ಬರೀ ಫೋಟೊ ಕಳಿಸಬೇಡಿ. ಜೊತೆಗೆ 'ಇದು ಅಣ್ಣ ನಿನಗೆ ಅಂತಲೇ ಕಳಿಸಿದ್ದು' ಅಂತ ಬರೆಯಿರಿ. ಹಾಗೆ ಬರೆಯಲಾ ಅಂತ ಮೊದಲು ಅಣ್ಣನನ್ನು ಕೇಳಿ. ಅವರು ಬೇಡ ಅನ್ನುತ್ತಾರೆ ಅಂತ ನನಗನಿಸುವುದಿಲ್ಲ.