ಎರಡು ಗಳಿಗೆಯ ನಿಯಮ

ಮಗನೋ ಮಗಳೋ ದಿನವಿಡೀ ತಮ್ಮದೇ ಕಲ್ಪನೆಯ ಲೋಕದಲ್ಲಿ ಮುಳುಗಿರುತ್ತಾರೆ, ಅದರ ಬಗ್ಗೆ ಬರೆದಿಟ್ಟ ನೋಟ್‌ಬುಕ್ಕುಗಳನ್ನೆಲ್ಲ ಸುಟ್ಟುಬಿಡೋಣವೇ ಎಂದು ಕೇಳುವ ತಂದೆತಾಯಿ ನನ್ನ ಬಳಿ ಸಲಹೆಗೆ ಮತ್ತೆ ಮತ್ತೆ ಬರುತ್ತಾರೆ. ಸುಡಬೇಡಿ ಎಂದೇ ಹೇಳುತ್ತೇನೆ. ಯಾಕೆಂದು ವಿವರಿಸಲು ಒಬ್ಬ ಹುಡುಗಿಯ ಪ್ರಕರಣ ಬರೆಯುತ್ತಿದ್ದೇನೆ. ಗುರುತು ಸಿಗದಂತೆ ವಿವರಗಳನ್ನು ಬದಲಿಸಿದ್ದೇನೆ. ತನ್ನ ಲೋಕಕ್ಕೆಂದು ಅವಳು ಕಟ್ಟಿದ ಶಾಸ್ತ್ರದ ನಿಯಮಗಳನ್ನು ಮಾತ್ರ, ಅವಳ ಒಪ್ಪಿಗೆ ಪಡೆದು, ಇದ್ದಂತೆಯೇ ಕೊಟ್ಟಿದ್ದೇನೆ.

ಬಿ.ಎಸ್ಸಿ. ಎರಡನೇ ವರ್ಷ, ಹಾಸ್ಟೆಲ್ ವಾಸ. ದಿನಕ್ಕೆ ಐದಾರು ಗಂಟೆ ಇಯರ್‌ಫೋನ್ ಹಾಕಿಕೊಂಡು, ಮನಸ್ಸಿನಲ್ಲೇ ಕಟ್ಟಿದ ಲೋಕದಲ್ಲಿ ಮುಳುಗಿ, ತಾರಸಿಯ ಮೇಲೆ ಅತ್ತಿಂದಿತ್ತ ನಡೆಯುತ್ತಿದ್ದಳು. ಎರಡು ವಿಷಯ ಫೇಲಾಗಿತ್ತು. ಮನೆಯವರು ಗಾಳಿ ಸೋಕಿದೆಯೆಂದು ತಾಯತ ಕಟ್ಟಿಸಿದ್ದರು. ನೆಂಟರೊಬ್ಬರು ಇದು ಸ್ಕಿಜೋಫ್ರೇನಿಯಾ, ಭ್ರಮೆಯೇ ನಿಜವೆನ್ನಿಸುವ ಕಾಯಿಲೆ, ಎಂದು ಹೆದರಿಸಿದ್ದರು. ಮೊದಲು ಮನೋವೈದ್ಯರಲ್ಲಿ ತಪಾಸಣೆ ಮಾಡಿಸಿದೆವು. ಅದಲ್ಲವೆಂದು ಅವರು ಹೇಳಿದರು. "ಅಲ್ಲಿ ನಡೆಯೋದೆಲ್ಲ ನಿಜ ಅನ್ನಿಸುತ್ತಾ?" ಎಂದು ಕೇಳಿದರೆ ಅವಳಿಗೇ ಆಶ್ಚರ್ಯ: "ಇಲ್ಲ ಮೇಡಂ, ನಾನೇ ಕಟ್ಟಿದ್ದಲ್ವಾ?" ಇಂಥ ಪ್ರಕರಣಗಳಲ್ಲಿ ಈ ಅರಿವು ಗಟ್ಟಿಯಾಗಿ ಉಳಿದಿರುತ್ತದೆ. ಇಸ್ರೇಲಿನ ಮನಶ್ಶಾಸ್ತ್ರಜ್ಞ ಎಲಿ ಸೋಮರ್ 2002ರಲ್ಲಿ ಇದನ್ನು 'ಮಾಲಡಾಪ್ಟಿವ್ ಡೇಡ್ರೀಮಿಂಗ್' ಎಂದು ಕರೆದರು. ಬದುಕಿಗೇ ತೊಡಕಾಗುವಷ್ಟು ಬೆಳೆದ ಹಗಲುಗನಸು ಎನ್ನಬಹುದು. ಸಂಗೀತ ಅದನ್ನು ಕೆದಕುತ್ತದೆ, ಒಂದೇ ಸಮನೆ ನಡೆದಾಡುವುದು ಅದನ್ನು ಹಿಡಿದಿಡುತ್ತದೆ. ವೈದ್ಯರು ಕಾಯಿಲೆ ಗುರುತಿಸಲು ಬಳಸುವ ಪಟ್ಟಿಗಳಾದ ಡಿ.ಎಸ್.ಎಂ.-5ರಲ್ಲಾಗಲಿ ಐ.ಸಿ.ಡಿ.-11ರಲ್ಲಾಗಲಿ ಇದನ್ನು ಪ್ರತ್ಯೇಕ ಕಾಯಿಲೆಯಾಗಿ ಸೇರಿಸಿಲ್ಲ.

ನೋಟ್‌ಬುಕ್ ತಂದಿದ್ದಳು. ಮೊದಲ ಪುಟದಿಂದ ಪಾಠ ಹೇಳಿಕೊಡು ಎಂದೆ. ಆ ದಿನ ಮಾತು ಪೂರ್ತಿ ಅವಳದೇ.

ಅವಳ ಲೋಕದಲ್ಲಿ ರೂಪ ಬದಲಿಸುವುದು ಏಳು ವರ್ಷದ ವ್ಯಾಸಂಗ. ಮೊದಲ ನಿಯಮ ತೂಕದ್ದು: ರೂಪ ಬದಲಾದರೂ ತೂಕ ಬದಲಾಗದು. 50 ಕೆ.ಜಿ. ಹುಡುಗಿ ಚಿರತೆಯಾಗಬಹುದು, ಗುಬ್ಬಿಯಾಗಲಾರಳು. ಹಾರುವ ಹಕ್ಕಿಗಳಲ್ಲಿ ಅತಿ ಭಾರದವೂ 20 ಕೆ.ಜಿ. ದಾಟುವುದು ಅಪರೂಪ, ಹಾಗಾಗಿ ಹಾರುವ ರೂಪ ನಾಲ್ಕೈದು ವರ್ಷದ ಮಕ್ಕಳಿಗಷ್ಟೇ ಸಾಧ್ಯ, ಅಷ್ಟು ಚಿಕ್ಕವರಿಗೆ ವಿದ್ಯೆ ಕಲಿಸುವುದು ನಿಷಿದ್ಧ. ಇಷ್ಟು ಕಟ್ಟುನಿಟ್ಟಾಗಿ ಯೋಚಿಸಬಲ್ಲ ಬುದ್ಧಿಯನ್ನು ರೋಗವೆಂದು ಕರೆಯಲು ನನಗೆ ಮನಸ್ಸಿಲ್ಲ. ಎರಡನೆಯದು ಕ್ರಮ: ಹೋಗುವಾಗ ಮೊದಲು ಉಸಿರಿನ ಲಯ, ಆಮೇಲೆ ಮೂಳೆ, ಕೊನೆಗೆ ಚರ್ಮ. ಬರುವಾಗ ಚರ್ಮ ಮೊದಲು, ಉಸಿರು ಕೊನೆಗೆ. ಅವಸರಪಟ್ಟು ಉಸಿರನ್ನು ಮೊದಲೇ ಮನುಷ್ಯರದು ಮಾಡಿಕೊಂಡರೆ ಚಿರತೆಯ ಪಕ್ಕೆಲುಬಿಗೆ ಅದು ಹೊಂದದೆ ಪ್ರಜ್ಞೆ ತಪ್ಪುತ್ತದೆ. ಮೂರನೆಯದು ಕಾವಲು: ಒಬ್ಬರು ಪಕ್ಕದಲ್ಲಿ ಕೂತು, ಹೊತ್ತು ನೋಡಿ, ಮನೆಯಲ್ಲಿ ಕರೆಯುವ ಹೆಸರು ಹಿಡಿದು ಮೂರು ಸಲ ಕೂಗಬೇಕು. ಕಾವಲಿಲ್ಲದೆ ರೂಪ ಬದಲಿಸುವಂತಿಲ್ಲ. ಮಿತಿ ಎರಡು ಗಳಿಗೆ, ಅಂದರೆ 48 ನಿಮಿಷ.

"ದಾಟಿದರೆ?" ಎಂದೆ.

"ಕರೆದರೂ ಬರಲ್ಲ ಮೇಡಂ. ಬರೋಕಾಗಲ್ಲ ಅಂತಲ್ಲ, ಬರಬೇಕು ಅಂತ ಅನ್ಸಲ್ಲ."

ಹೇಳಿದವಳು ನೋಟ್‌ಬುಕ್ಕಿನ ಅಂಚನ್ನು ಉಗುರಿನಿಂದ ಕೆರೆಯುತ್ತ ಕೂತಳು. ನಾನೂ ಅವಸರ ಮಾಡಲಿಲ್ಲ. ಆಮೇಲೆ, ಈ ಕಡೆ ಬಂದರೆ ನಿನಗೇನಿದೆ ಎಂದು ಕೇಳಿದೆ. ಮೆಸ್ಸಿನಲ್ಲಿ ಒಬ್ಬಳೇ ಊಟ ಮಾಡುವುದು, ಇಂಗ್ಲಿಷಿನಲ್ಲಿ ಸೆಮಿನಾರ್ ಕೊಟ್ಟಾಗ ಹಿಂದಿನ ಬೆಂಚಿನವರು ನಕ್ಕಿದ್ದು, ಅಂದಿನಿಂದ ಆ ತರಗತಿಗೇ ಹೋಗದೆ ಇದ್ದದ್ದು, ಎಲ್ಲ ಆಗ ಹೊರಬಂತು.

ಸಲಹೆಯನ್ನು ಅವಳ ಶಾಸ್ತ್ರದಿಂದಲೇ ಎತ್ತಿಕೊಂಡೆ. ಲೋಕಕ್ಕೆ ಹೋಗಲು ದಿನಕ್ಕೆ ಒಂದೇ ಸಲ ಎರಡು ಗಳಿಗೆ, ಸಂಜೆ ಏಳೂವರೆಗೆ. ಮೇಜಿನ ಮುಂದೆ ಕೂತು, ಕೈಯಲ್ಲಿ ಪೆನ್ನು ಹಿಡಿದು. ಹಾಡೂ ಬೇಡ, ತಾರಸಿಯೂ ಬೇಡ. ನೋಡಿದ್ದನ್ನು ಒಂದು ಪುಟವಾದರೂ ಬರೆಯಬೇಕು, ಏಕೆಂದರೆ ಬರೆಯುವ ಕೈ ಕನಸಿನ ಓಟವನ್ನು ತಡೆಯುತ್ತದೆ. ಮರಳುವಾಗಲೂ ಅದೇ ಕ್ರಮ: ಮೊದಲು ಚರ್ಮ, ಅಂದರೆ ತಣ್ಣೀರಲ್ಲಿ ಮುಖ ತೊಳೆಯುವುದು, ಆಮೇಲೆ ಮೂಳೆ, ಎದ್ದು ಮೈಮುರಿದು ಮೆಟ್ಟಿಲಿಳಿಯುವುದು, ಕೊನೆಗೆ ಉಸಿರು, ಮೆಸ್ಸಿನಲ್ಲಿ ಯಾರೊಂದಿಗಾದರೂ ನಾಲ್ಕು ಮಾತು. ಕಾವಲಿಗೆ ಅವಳು ಆರಿಸಿದ್ದು ಚಿಕ್ಕಮ್ಮನನ್ನು.

ಪೂರ್ತಿ ನಿಲ್ಲಿಸಿ ಎಂದು ಯಾಕೆ ಹೇಳಲಿಲ್ಲ ಎಂದು ತಂದೆ ಸಿಟ್ಟಾದರು. ಬಿಳಿ ಕರಡಿಯನ್ನು ನೆನೆಯಬೇಡಿ ಎಂದಾಗ ಜನ ಅದನ್ನೇ ನೆನೆಯುತ್ತಾರೆಂದು ಮನಶ್ಶಾಸ್ತ್ರಜ್ಞ ಡೇನಿಯಲ್ ವೆಗ್ನರ್ ಮತ್ತು ಸಂಗಡಿಗರ 1987ರ ಪ್ರಯೋಗ ತೋರಿಸಿತು. ತಡೆಹಿಡಿದ ಯೋಚನೆ ಬಿಟ್ಟ ಮೇಲೆ ಇನ್ನಷ್ಟು ನುಗ್ಗಿ ಬರುತ್ತದೆ. ಅದಕ್ಕಿಂತ ಮುಖ್ಯವಾಗಿ, ಆ ನೋಟ್‌ಬುಕ್ ಅವಳು ಪೂರ್ಣ ಮನಸ್ಸಿನಿಂದ ಮಾಡಿದ ಕೆಲಸ. ಅದನ್ನು ಸುಟ್ಟರೆ ಈ ಕಡೆಗೆ ಬರಲು ಅವಳಿಗೆ ಉಳಿಯುವ ಕಾರಣ ಇನ್ನೂ ಕಡಿಮೆ.

ಮೊದಲ ವಾರ ಅಲಾರಂ ನೆಚ್ಚಿಕೊಂಡು ಕೆಟ್ಟಿತು. ಬೆರಳು ತಾನಾಗಿ ಅದನ್ನು ನಿಲ್ಲಿಸಿಬಿಡುತ್ತಿತ್ತು. ಚಿಕ್ಕಮ್ಮ ಫೋನ್ ಮಾಡತೊಡಗಿದ ಮೇಲೆ ಸರಿಹೋಯಿತು. ಒಮ್ಮೆ ಅವರು "ಇನ್ನೂ ಅದೇ ಹುಚ್ಚಾ?" ಎಂದುಬಿಟ್ಟರು, ಮೂರು ದಿನ ಹುಡುಗಿ ಫೋನೇ ಎತ್ತಲಿಲ್ಲ. ಕಾವಲಿನ ಫೋನಿನಲ್ಲಿ ಬುದ್ಧಿಮಾತು, ಓದಿನ ವಿಚಾರಣೆ ಎರಡೂ ಕೂಡದು. "ಪುಟ್ಟೀ, ಊಟಕ್ಕೇನಿದೆ ಇವತ್ತು?" ಅಷ್ಟು ಸಾಕು. ಪರೀಕ್ಷೆ ಹತ್ತಿರ ಬಂದಾಗ ಮತ್ತೆ ಮಿತಿ ದಾಟಿತು. ಆ ದಿನಗಳಿಗೆ ಕಾವಲು ಎರಡು ಹೊತ್ತು ಮಾಡಿದೆವು. ಬಾಕಿ ಇದ್ದ ಎರಡರಲ್ಲಿ ಒಂದು ವಿಷಯ ಪಾಸಾಗಿದೆ. ಊಟಕ್ಕೆ ಈಗ ಪಕ್ಕದ ರೂಮಿನವಳು ಜೊತೆಯಾಗುತ್ತಾಳೆ.

ಈ ಸಲಹೆ ಎಲ್ಲರಿಗೂ ಹೊಂದುವುದಿಲ್ಲ. ಕಟ್ಟಿದ್ದು ತಾನೇ ಎಂಬ ಅರಿವು ತಪ್ಪಿದ್ದರೆ, ಯಾರೂ ಇಲ್ಲದಾಗ ದನಿ ಕೇಳಿಸುತ್ತಿದ್ದರೆ, ನಿದ್ದೆ ಹಾರಿಹೋಗಿದ್ದರೆ, ಸಾಯುವ ಮಾತು ಬಂದರೆ ಗಳಿಗೆ ಎಣಿಸುತ್ತ ಕೂರಬೇಡಿ. ಅದೇ ದಿನ ಮನೋವೈದ್ಯರ ಬಳಿ ಕರೆದುಕೊಂಡು ಹೋಗಿ. ಹೋಗಲು ದಾರಿಯಿಲ್ಲದಿದ್ದರೆ ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಕರೆ ಮಾಡಿ, ಕನ್ನಡದಲ್ಲೇ ಮಾತನಾಡಬಹುದು.