ಜಿ ಹಾಕಬೇಕಾ, ಎಚ್ ಹಾಕಬೇಕಾ?

ಪ್ರಶ್ನೆ: ಹಾಸನದ ಮನೆಯಿಂದಲೇ ಅಮೆರಿಕದ ಆಸ್ಪತ್ರೆಗಳಿಗೆ ಮೆಡಿಕಲ್ ಕೋಡಿಂಗ್ (ರೋಗಿಯ ಕಾಯಿಲೆ, ಗಾಯಗಳನ್ನು ಐಸಿಡಿ-10-ಸಿಎಂ ಪಟ್ಟಿಯ ಕೋಡ್‌ಗಳಾಗಿ ಬರೆಯುವ ಕೆಲಸ) ಮಾಡುತ್ತೇನೆ. ರೋಗಿಗೆ ಬಲಗೈ ಕಾಲಿಸ್ ಫ್ರ್ಯಾಕ್ಚರ್ (ಮಣಿಕಟ್ಟಿನ ಹತ್ತಿರ ಮುಂಗೈಯ ರೇಡಿಯಸ್ ಮೂಳೆಯ ಮುರಿತ), ಓಪನ್ (ಚರ್ಮವೂ ಸೀಳಿದ್ದು), ಟೈಪ್ 2. ಆಪರೇಷನ್ ಆಗಿ ಚರ್ಮದ ಗಾಯ ಮಾಗಿದೆ. ಈಗ ಫಾಲೋ ಅಪ್‌ನಲ್ಲಿ ಡಾಕ್ಟರು ‘ಡಿಲೇಡ್ ಹೀಲಿಂಗ್’, ಅಂದರೆ ಮೂಳೆ ನಿಧಾನವಾಗಿ ಕೂಡುತ್ತಿದೆ ಎಂದಿದ್ದಾರೆ. ಕೋಡ್‌ನ ಕೊನೆಯ ಅಕ್ಷರ ಯಾವುದು ಮೇಡಂ?

ಉತ್ತರ: ಎಚ್ ಹಾಕಿ. ಪೂರ್ತಿ ಕೋಡ್ ಎಸ್52.531ಎಚ್. ಚರ್ಮ ಮಾಗಿತಲ್ಲ, ಇನ್ನು ಕ್ಲೋಸ್ಡ್ ತಾನೇ ಅಂತ ಜಿ ಹಾಕಲು ಕೈ ಹೋಗುತ್ತದೆ. ಚಿಕ್ಕಮಗಳೂರಿನಲ್ಲಿ ನನ್ನ ಹತ್ತಿರ ಕಲಿಯುವವರೂ ಹೆಚ್ಚಾಗಿ ಎಡವುವುದು ಇಲ್ಲೇ. ಮುರಿದಾಗ ಓಪನ್ ಆಗಿದ್ದರೆ ಕೋಡ್‌ನಲ್ಲಿ ಕೊನೆವರೆಗೂ ಓಪನ್ನೇ. ಜಿ ಇರುವುದು ಕ್ಲೋಸ್ಡ್ ಮುರಿತ ನಿಧಾನವಾಗಿ ಕೂಡುವಾಗ. ಟೈಪ್ 1, 2ಕ್ಕೆ ಎಚ್. ಟೈಪ್ 3ಎ, 3ಬಿ, 3ಸಿ ಆಗಿದ್ದರೆ ಜೆ. ಈ ಟೈಪ್‌ಗಳು ಓಪನ್ ಮುರಿತ ಎಷ್ಟು ತೀವ್ರ ಎಂದು ಹೇಳುವ ಗಸ್ಟಿಲೊ ವರ್ಗೀಕರಣದವು. ಆಪರೇಷನ್ ನೋಟ್‌ನಲ್ಲಿ ಹುಡುಕಿ, ಸಾಮಾನ್ಯವಾಗಿ ಅಲ್ಲೇ ಇರುತ್ತದೆ.

ಎಷ್ಟು ತಿಂಗಳಾಯಿತು ಎಂದು ಲೆಕ್ಕ ಹಾಕಿ ನೀವೇ ‘ಡಿಲೇಡ್’ ಅಂದುಕೊಳ್ಳಬೇಡಿ. ಎಕ್ಸ್‌ರೇ ನೋಡಿ ಊಹಿಸುವುದಂತೂ ಬೇಡವೇ ಬೇಡ. ಡಾಕ್ಟರು ಬರೆದಿರಬೇಕು, ಇಲ್ಲವೇ ಕ್ವೆರಿ ಕಳಿಸಿ ಕೇಳಬೇಕು. ಅವರು ‘ನಾನ್‌ಯೂನಿಯನ್’ (ಮೂಳೆ ಕೂಡಿಕೊಂಡಿಲ್ಲ) ಅಂದರೆ ಕಥೆಯೇ ಬೇರೆ, ಆಗ ನಿಮ್ಮ ಕೇಸಿಗೆ ಎಂ.

ಇನ್ನೊಂದು. ‘ರಿಸ್ಟ್ ಫ್ರ್ಯಾಕ್ಚರ್’ ಎಂದಷ್ಟೇ ಇದ್ದರೆ ಯಾವ ಮೂಳೆ ಎಂದು ನೋಡಿ. ಸ್ಕ್ಯಾಫಾಯ್ಡ್‌ನಂಥ ಮಣಿಕಟ್ಟಿನ ಸಣ್ಣ ಮೂಳೆಗಳು ಎಸ್62 ಎಂಬ ಬೇರೆ ಕೋಡ್ ಗುಂಪಿಗೆ ಹೋಗುತ್ತವೆ. ಅಲ್ಲಿ ಎಚ್, ಜೆ ಎರಡೂ ಇಲ್ಲ. ಓಪನ್ ಇರಲಿ, ಕ್ಲೋಸ್ಡ್ ಇರಲಿ, ನಿಧಾನವಾಗಿ ಕೂಡುತ್ತಿದ್ದರೆ ಜಿ ಒಂದೇ.