ಕ್ರೀಡಾ ಪ್ರಶ್ನೋತ್ತರ: ಮೂವತ್ತೈದು ದಾಟಿದ ಬೌಲಿಂಗ್ ತೋಳು

ಈ ಸಲ ದಾವಣಗೆರೆ, ಚಿತ್ರದುರ್ಗ ಜಿಲ್ಲೆಗಳಿಂದ ಬಂದ ಪತ್ರಗಳಲ್ಲಿ ಭುಜ, ಮೊಣಕೈ, ಸೊಂಟದ್ದೇ ದೂರು. ಬೇಸಿಗೆಯ ಟೆನಿಸ್ ಬಾಲ್ ಟೂರ್ನಿಗಳ ಕಾಲ ಇದು, ಆಶ್ಚರ್ಯವಿಲ್ಲ. ಬೇಸ್‌ಬಾಲ್ ಬಗ್ಗೆ ಬಂದ ಒಂದು ಪ್ರಶ್ನೆಗೂ ಇದಕ್ಕೂ ನೇರ ನಂಟಿರುವುದರಿಂದ ಅದನ್ನೇ ಮೊದಲು ತೆಗೆದುಕೊಂಡಿದ್ದೇವೆ.

ಪ್ರಶ್ನೆ: 2025ರ ಬೇಸ್‌ಬಾಲ್ ವರ್ಲ್ಡ್ ಸೀರೀಸ್‌ನ ತುಣುಕುಗಳನ್ನು ಮೊಬೈಲಿನಲ್ಲಿ ನೋಡಿದೆ. ಡಾಡ್ಜರ್ಸ್ ತಂಡದ ಕ್ಲೇಟನ್ ಕರ್ಶಾ ಎಂಬ ಎಡಗೈ ಪಿಚರ್‌ಗೆ ಭುಜದ ಆಪರೇಷನ್ ಆಗಿತ್ತಂತೆ, ಚೆಂಡಿನ ವೇಗವೂ ಕಡಿಮೆ. ಆದರೂ ಅಂಥ ಬಿಗಿ ಹೊತ್ತಿನಲ್ಲಿ ಅವರ ಕೈಗೇ ಚೆಂಡು ಕೊಟ್ಟರು. ಹೇಗೆ?
— ದಾವಣಗೆರೆ, ವಿದ್ಯಾನಗರದ ಓದುಗರು

ಉತ್ತರ: ವರ್ಲ್ಡ್ ಸೀರೀಸ್ ಎಂದರೆ ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನ ಫೈನಲ್ ಸರಣಿ, ಪಿಚರ್ ಎಂದರೆ ಅಲ್ಲಿನ ಬೌಲರ್. ನೀವು ನೋಡಿದ್ದು ಅಕ್ಟೋಬರ್ 27ರ ಮೂರನೇ ಪಂದ್ಯ. ಟೊರಾಂಟೊ ಬ್ಲೂ ಜೇಸ್ ವಿರುದ್ಧದ ಆ ಪಂದ್ಯ ಮಾಮೂಲಿ ಒಂಬತ್ತರ ಬದಲು 18 ಇನ್ನಿಂಗ್ಸ್ ಎಳೆಯಿತು. 12ನೇ ಇನ್ನಿಂಗ್ಸ್‌ನಲ್ಲಿ ಮೂರೂ ಬೇಸ್‌ಗಳಲ್ಲಿ ಎದುರಾಳಿ ಓಟಗಾರರು ನಿಂತಿದ್ದಾಗ ಬಂದ ಕರ್ಶಾ ಒಬ್ಬನೇ ಬ್ಯಾಟರ್‌ಗೆ ಎಸೆದು, ನೆಲಕ್ಕುರುಳುವ ಹೊಡೆತ ಆಡಿಸಿ ಔಟ್ ಪಡೆದರು. ಆಗ ಅವರಿಗೆ 37 ವರ್ಷ. ನಿವೃತ್ತಿಯನ್ನು ಸೆಪ್ಟೆಂಬರ್‌ನಲ್ಲೇ ಘೋಷಿಸಿದ್ದರು.

ಅಷ್ಟು ಹೊತ್ತಿಗೆ ಆ ದೇಹ ಅನುಭವಿಸಿದ್ದು ಸಣ್ಣದಲ್ಲ. 2016ರಲ್ಲಿ ಬೆನ್ನಿನ ಡಿಸ್ಕ್ ಜಾರಿ ಎರಡು ತಿಂಗಳಿಗೂ ಹೆಚ್ಚು ಹೊರಗಿದ್ದರು. 2021ರ ಋತುವನ್ನು ಮುಂಗೈ ನೋವು ಮುಗಿಸಿತು. 2023ರ ನವೆಂಬರ್‌ನಲ್ಲಿ ಎಡಭುಜದ ಲಿಗಮೆಂಟ್ (ಮೂಳೆಗಳನ್ನು ಬಂಧಿಸುವ ಪಟ್ಟಿ) ಮತ್ತು ಕೀಲಿನ ಕವಚಕ್ಕೆ ಶಸ್ತ್ರಚಿಕಿತ್ಸೆ. 2024ರ ಜುಲೈ 25ಕ್ಕೆ ಮರಳಿ ಏಳು ಪಂದ್ಯ ಎಸೆಯುವಷ್ಟರಲ್ಲಿ ಎಡಗಾಲ ಹೆಬ್ಬೆರಳ ಮೂಳೆ ಬೆಳೆದು ನಿಲ್ಲಬೇಕಾಯಿತು. ಅದೇ ವರ್ಷದ ನವೆಂಬರ್‌ನಲ್ಲಿ ಪಾದಕ್ಕೂ ಮಂಡಿಗೂ ಶಸ್ತ್ರಚಿಕಿತ್ಸೆ. 2025ರ ಮೇ 17ಕ್ಕೆ ಮತ್ತೆ ಮೈದಾನ, ಜುಲೈ 2ಕ್ಕೆ 3000ನೇ ಸ್ಟ್ರೈಕ್‌ಔಟ್ (ಚೆಂಡು ಹೊಡೆಯಲಾಗದೆ ಬ್ಯಾಟರ್ ಮೂರು ಅವಕಾಶ ಕಳೆದು ಔಟಾಗುವುದು).

ಕಾಲಿನ ಹೆಬ್ಬೆರಳಿಗೂ ಎಸೆತಕ್ಕೂ ಏನು ಸಂಬಂಧ ಅನ್ನಬೇಡಿ. ಎಡಗೈ ಪಿಚರ್ ಎಸೆಯುವ ಜಾಗದಲ್ಲಿ ನೆಟ್ಟ ರಬ್ಬರ್ ಪಟ್ಟಿಯ ಮೇಲೆ ಊರಿ ಒದೆಯುವುದು ಎಡಗಾಲನ್ನು. ಅಲ್ಲಿ ನೋವಿದ್ದರೆ ಒದೆತ ಕಡಿಮೆಯಾಗುತ್ತದೆ, ಕಡಿಮೆಯಾದ ಬಲವನ್ನು ಭುಜ ತುಂಬಲು ಹೋಗುತ್ತದೆ, ಹೊಲಿಗೆ ಹಾಕಿದ ಭುಜಕ್ಕೆ ಅದೇ ಕುತ್ತು.

ಇನ್ನು ವೇಗ. ಅವರ ಫಾಸ್ಟ್‌ಬಾಲ್ ಕೊನೆಯ ಋತುವಿನಲ್ಲಿ ಗಂಟೆಗೆ ಸುಮಾರು 89 ಮೈಲಿ, ಅಂದರೆ 143 ಕಿ.ಮೀ. ನಮ್ಮ ಕಿವಿಗೆ ಇದು ಭಾರಿ ವೇಗ. ಅಲ್ಲಿ ಅದು ನಿಧಾನ, ಏಕೆಂದರೆ ಆ ಲೀಗ್‌ನ ಸರಾಸರಿಯೇ 94 ಮೈಲಿ. ಕ್ರಿಕೆಟ್‌ನಲ್ಲಿ ಚೆಂಡು ನೆಲ ತಾಗಿ ವೇಗ ಕಳೆದುಕೊಂಡು ಬರುತ್ತದೆ, ಬೇಸ್‌ಬಾಲ್‌ನಲ್ಲಿ ತಾಗುವುದೇ ಇಲ್ಲ. ಹಾಗಾಗಿ ಎರಡು ಆಟಗಳ ಅಂಕಿಯನ್ನು ಪಕ್ಕಪಕ್ಕ ಇಟ್ಟು ತೂಗಬಾರದು. ಕರ್ಶಾ ಬಂಡವಾಳ ಬೇರೆ: ಸುಮಾರು 72 ಮೈಲಿಯ, ಮೇಲಿಂದ ದಬಕ್ಕನೆ ಬೀಳುವ ಕರ್ವ್, ನಡುವಿನ ವೇಗದ ಸ್ಲೈಡರ್, ಮೂರಕ್ಕೂ ಒಂದೇ ತೋಳಿನ ಓಟ. 2015ರಲ್ಲಿ ಅವರು ಸುಮಾರು 233 ಇನ್ನಿಂಗ್ಸ್‌ಗಳಲ್ಲಿ 301 ಸ್ಟ್ರೈಕ್‌ಔಟ್ ಪಡೆದಿದ್ದರು. 2025ರಲ್ಲಿ ಸುಮಾರು 113 ಇನ್ನಿಂಗ್ಸ್, 84 ಸ್ಟ್ರೈಕ್‌ಔಟ್. ಬ್ಯಾಟರ್ ಚೆಂಡು ತಾಗಿಸಲಿ, ಆದರೆ ಬ್ಯಾಟಿನ ಸರಿಯಾದ ಜಾಗಕ್ಕೆ ಸಿಗದಿರಲಿ ಎಂಬ ಲೆಕ್ಕ. ಅದರಲ್ಲೇ, ಪಿಚರ್ ಹೆಸರಿಗೆ ಬರೆಯುವ ಲೆಕ್ಕದಲ್ಲಿ, 11 ಗೆಲುವು, 2 ಸೋಲು. ತಂಡವೂ ಅವರಿಂದ ಪಂದ್ಯಕ್ಕೆ ಸರಾಸರಿ ಐದು ಇನ್ನಿಂಗ್ಸ್ ತೆಗೆದುಕೊಂಡು ಚೆಂಡು ವಾಪಸ್ ಪಡೆಯುತ್ತಿತ್ತು. ಕೊಡುವ ನಾಯಕನಿಗಿಂತ ವಾಪಸ್ ಪಡೆಯುವ ನಾಯಕ ಹಿರಿಯ ಬೌಲರ್‌ಗೆ ಹೆಚ್ಚು ಬೇಕು.

ಪ್ರಶ್ನೆ: ನನಗೆ 39. ಶನಿವಾರ-ಭಾನುವಾರದ ಟೆನಿಸ್ ಬಾಲ್ ಟೂರ್ನಿ ಆಡುತ್ತೇನೆ. ಪಂದ್ಯಕ್ಕೆ ಎರಡೇ ಓವರ್ ಹಾಕುವುದು. ಆದರೂ ಸೋಮವಾರ ಬಲಭುಜ ಎತ್ತಿ ಶರ್ಟು ಹಾಕಲು ಆಗುವುದಿಲ್ಲ. ಎರಡು ಓವರಿಗೆ ಇಷ್ಟು ನೋವೇ?
— ಹರಿಹರದ ಓದುಗರು

ಉತ್ತರ: ಎರಡು ಓವರ್ ಎಂಬುದು ಸ್ಕೋರ್ ಪುಸ್ತಕದ ಲೆಕ್ಕ, ಭುಜದ್ದಲ್ಲ. ಫೈನಲ್ ತನಕ ಹೋದರೆ ಎರಡು ದಿನಕ್ಕೆ ಆರು ಪಂದ್ಯ ಅಂದುಕೊಳ್ಳಿ. 72 ಎಸೆತ ಪಂದ್ಯದವು. ಪ್ರತಿ ಪಂದ್ಯಕ್ಕೂ ಮುಂಚೆ ಕೈ ಬಿಡಿಸಲು ಹತ್ತು, ಒಟ್ಟು 60. ಬೌಂಡರಿಯಿಂದ ಕೀಪರ್‌ಗೆ ಪಂದ್ಯಕ್ಕೆ ಆರು ಥ್ರೋ, 36. ಒಟ್ಟು 168. ವಾರದ ಉಳಿದ ಐದು ದಿನ ಸೊನ್ನೆ. ಭುಜವನ್ನು ಕೆಡಿಸುವುದು ಈ ಸೊನ್ನೆಯಿಂದ 168ರ ಜಿಗಿತ.

ಚೆಂಡು ಹಗುರ, ಹಾಗಾಗಿ ಅಪಾಯವಿಲ್ಲ ಎಂಬ ನಂಬಿಕೆಯೂ ತಪ್ಪು. ಟೆನಿಸ್ ಚೆಂಡು 56ರಿಂದ 59 ಗ್ರಾಂ, ಲೆದರ್ ಚೆಂಡು 156ರಿಂದ 163 ಗ್ರಾಂ. ಹಗುರ ಚೆಂಡು ಹಿಡಿದ ತೋಳು ಇನ್ನೂ ಜೋರಾಗಿ ತಿರುಗುತ್ತದೆ. ಚೆಂಡು ಬಿಟ್ಟ ಮೇಲೆ ಆ ಬೀಸನ್ನು ನಿಲ್ಲಿಸುವ ಬ್ರೇಕು ಭುಜದ ಹಿಂಬದಿಯ ಸಣ್ಣ ಸ್ನಾಯುಗಳು, ಅಂದರೆ ರೊಟೇಟರ್ ಕಫ್‌ನ ಹಿಂಭಾಗ. ನಮ್ಮವರು ಜಿಮ್‌ಗೆ ಹೋದರೂ ಎದೆಯನ್ನೇ ಬೆಳೆಸುತ್ತಾರೆ. ಎಂಜಿನ್ ದೊಡ್ಡದು, ಬ್ರೇಕು ಸೈಕಲ್ಲಿನದು.

ಬ್ರೇಕು ಬಲಪಡಿಸುವ ವ್ಯಾಯಾಮ ಹೀಗೆ. ವ್ಯಾಯಾಮದ ರಬ್ಬರ್ ಪಟ್ಟಿ ತನ್ನಿ. ಸಿಗದಿದ್ದರೆ ಹಳೇ ಸೈಕಲ್ ಟ್ಯೂಬನ್ನು ಉದ್ದಕ್ಕೆ ಸೀಳಿದರೂ ಆದೀತು. ಕಿಟಕಿ ಸರಳಿಗೆ ಮೊಣಕೈ ಎತ್ತರದಲ್ಲಿ ಕಟ್ಟಿ, ಎಡಮೈ ಕಿಟಕಿಗೆ ಬರುವಂತೆ ನಿಲ್ಲಿ. ಬಲ ಮೊಣಕೈಯನ್ನು 90 ಡಿಗ್ರಿ ಮಡಚಿ, ಪಕ್ಕೆಗೂ ಮೊಣಕೈಗೂ ನಡುವೆ ಸುತ್ತಿದ ಟವೆಲ್ ಇಡಿ. ಮುಂಗೈಯನ್ನು ಹೊಟ್ಟೆಯಿಂದ ಹೊರಕ್ಕೆ ಎರಡು ಎಣಿಸುವಷ್ಟರಲ್ಲಿ ತೆಗೆದು, ನಾಲ್ಕು ಎಣಿಸುತ್ತ ನಿಧಾನಕ್ಕೆ ಒಳಗೆ ತನ್ನಿ. ಲಾಭ ಇರುವುದು ಈ ನಿಧಾನದ ವಾಪಸಾತಿಯಲ್ಲೇ. ಫಟ್ಟನೆ ಬಿಟ್ಟರೆ ಮಾಡಿದ್ದು ದಂಡ. 15 ಸಲದಂತೆ ಮೂರು ಸುತ್ತು, ವಾರಕ್ಕೆ ಮೂರು ದಿನ. ಟವೆಲ್ ಬಿದ್ದರೆ ಬೇರೆ ಸ್ನಾಯು ಕೆಲಸ ಮಾಡುತ್ತಿದೆ ಎಂದರ್ಥ, ಪಟ್ಟಿ ಸಡಿಲಿಸಿ. ಮಣಿಕಟ್ಟು ಹಿಂದಕ್ಕೆ ಬಾಗಿಸಿ ಎಳೆದರೆ ಭುಜದ ನೋವಿನ ಜೊತೆ ಮೊಣಕೈ ನೋವು ಉಚಿತ. ಪಂದ್ಯದ ಬೆಳಿಗ್ಗೆ ಮಾತ್ರ ಹತ್ತು ಸಲದ ಒಂದೇ ಸುತ್ತು ಸಾಕು, ಹೆಚ್ಚು ಮಾಡಿದರೆ ದಣಿದ ಬ್ರೇಕು ಹೊತ್ತು ಮೈದಾನಕ್ಕಿಳಿದಂತೆ. ಟೆಂಡನ್ (ಸ್ನಾಯುವನ್ನು ಮೂಳೆಗೆ ಕಟ್ಟುವ ಹುರಿ) ಗಟ್ಟಿಯಾಗಲು ಎಂಟರಿಂದ ಹನ್ನೆರಡು ವಾರ ಬೇಕು. ಎರಡು ವಾರಕ್ಕೆ ಬಿಟ್ಟವರೇ ಹೆಚ್ಚು.

ಜೊತೆಗೆ ಗೋಡೆಗೆ ಕೈಕೊಟ್ಟು ಪುಶ್‌ಅಪ್ ಮಾಡಿ. ಕೊನೆಯಲ್ಲಿ ಬೆನ್ನು ಸ್ವಲ್ಪ ಉಬ್ಬುವಂತೆ ಇನ್ನಷ್ಟು ತಳ್ಳಬೇಕು. 15ರ ಎರಡು ಸುತ್ತು. ಭುಜದ ಹಲಗೆ ಪಕ್ಕೆಗೆ ಅಂಟಿ ನಿಲ್ಲಲು ಇದು ಬೇಕು.

ಈಗ ನೋವಿರುವುದರಿಂದ ಎರಡು ವಾರ ಪೂರ್ಣ ವೇಗ ಬಿಡಿ. ಆಮೇಲೆ ದಿನ ಬಿಟ್ಟು ದಿನ, ವಾರಕ್ಕೆ ಮೂರು ದಿನ: ಮೊದಲ ವಾರ ಅರ್ಧ ವೇಗದ 18 ಎಸೆತ, ಎರಡನೇ ವಾರ 24, ಮೂರನೇ ವಾರ ರನ್‌ಅಪ್ ಸಮೇತ 30, ನಾಲ್ಕನೇ ವಾರ 36, ಅದರಲ್ಲಿ ಕೊನೆಯ 12 ಮಾತ್ರ ಪೂರ್ಣ ವೇಗ. ನೋವನ್ನು ಹತ್ತಕ್ಕೆ ಎಷ್ಟು ಎಂದು ನೀವೇ ಅಳೆಯಿರಿ. ಮೂರರೊಳಗಿದ್ದು ಮರುದಿನ ಬೆಳಿಗ್ಗೆಗೆ ಹೋದರೆ ಮುಂದುವರಿಸಿ, ಉಳಿದರೆ ಒಂದು ವಾರದ ಲೆಕ್ಕ ಹಿಂದಕ್ಕೆ. ಹೆಚ್ಚು ಹೊರೆಯ ಫಲ ಅದೇ ವಾರ ಕಾಣಬೇಕೆಂದಿಲ್ಲ, ಮೂರು ನಾಲ್ಕು ವಾರ ತಡವಾಗಿಯೂ ಬರುತ್ತದೆ. ಅದಕ್ಕೇ ಜನ ನಿಜವಾದ ಕಾರಣ ಬಿಟ್ಟು ನಿನ್ನೆಯ ಥ್ರೋವನ್ನು ಬೈಯುತ್ತಾರೆ.

ಟೂರ್ನಿ ದಿನದ ದೊಡ್ಡ ತಪ್ಪು ಮಧ್ಯಂತರದಲ್ಲಿ. ಬೆಳಿಗ್ಗೆ ಏಳಕ್ಕೊಂದು ಪಂದ್ಯ, ಆಮೇಲೆ ಮೂರು ಗಂಟೆಗೆ. ನಡುವೆ ಮರದಡಿ ಮಂಡಕ್ಕಿ-ಮಿರ್ಚಿ, ನಿದ್ದೆ. ಆರಿದ ಭುಜಕ್ಕೆ ಎರಡು ಸಲ ಗಿರಗಿರ ತಿರುಗಿಸಿ ಮೊದಲ ಎಸೆತವೇ ಯಾರ್ಕರ್. ಪ್ರತಿ ಪಂದ್ಯಕ್ಕೂ ಎಂಟು ನಿಮಿಷ ಓಟ-ನಡಿಗೆ, ಆಮೇಲೆ 10, 20, 30 ಮೀಟರ್ ದೂರಕ್ಕೆ ಐದೈದು ಥ್ರೋ, ನಂತರವೇ ಬೌಲಿಂಗ್. ಫೀಲ್ಡಿಂಗ್‌ಗೆ ಸರ್ಕಲ್ ಒಳಗೆ ನಿಲ್ಲಿ. 39ರಲ್ಲಿ ಡೀಪ್ ಮಿಡ್‌ವಿಕೆಟ್‌ನ ಗೌರವ ಹುಡುಗರಿಗಿರಲಿ.

ಮಲಗಿದಾಗ ಆ ಮಗ್ಗುಲಲ್ಲಿ ನಿದ್ದೆ ಕೆಡಿಸುವ ನೋವು, ಕೈ ಪಕ್ಕಕ್ಕೆತ್ತಲು ಬಲವೇ ಇಲ್ಲದಿರುವುದು, ಬಿದ್ದ ಮೇಲೆ ಶುರುವಾದ ನೋವು ಇದ್ದರೆ ಮೂಳೆ-ಕೀಲು ವೈದ್ಯರನ್ನು ಕಾಣಿ. ಎಂಆರ್‌ಐನಲ್ಲಿ ‘ಟೇರ್’ (ಹರಿದಿದೆ) ಎಂದು ಬರೆದ ಮಾತ್ರಕ್ಕೆ ಹೆದರಬೇಡಿ. ನೋವಿಲ್ಲದೆ ಆಡುತ್ತಿರುವ ಪಿಚರ್‌ಗಳ ಭುಜದಲ್ಲೂ ಹರಿದ ಗುರುತು ಕಾಣುವುದುಂಟು. ಬಲ ಎಷ್ಟಿದೆ, ಕೈ ಎಷ್ಟು ತಿರುಗುತ್ತದೆ ಎಂದು ಪರೀಕ್ಷಿಸದೆ ಕಾಗದ ನೋಡಿಯೇ ಆಪರೇಷನ್ ಅನ್ನುವವರ ಬಳಿ ಎರಡನೇ ಅಭಿಪ್ರಾಯವಿಲ್ಲದೆ ಒಪ್ಪಬೇಡಿ.

ಪ್ರಶ್ನೆ: ವಯಸ್ಸು 46, ಸಕ್ಕರೆ ಕಾಯಿಲೆ ಇದೆ. ಹಿರಿಯರ ಪಂದ್ಯದಲ್ಲಿ ಬೌಲಿಂಗ್ ಮಾಡಿದ ಮೇಲೆ ಕೈ ಬೆನ್ನ ಹಿಂದೆ ಹೋಗುತ್ತಿಲ್ಲ. ಬೇರೆಯವರು ಹಿಡಿದು ಎತ್ತಿದರೂ ಏಳುವುದಿಲ್ಲ.
— ಹೊಳಲ್ಕೆರೆಯ ಓದುಗರು

ಉತ್ತರ: ನಿಮ್ಮ ಕೊನೆಯ ವಾಕ್ಯವೇ ಮುಖ್ಯ ಸುಳಿವು. ಸ್ನಾಯು ಹರಿದಿದ್ದರೆ ನಿಮಗೆ ಎತ್ತಲು ಆಗದು, ಬೇರೆಯವರು ಎತ್ತಿದರೆ ಸಾಮಾನ್ಯವಾಗಿ ಏಳುತ್ತದೆ. ಎರಡೂ ಆಗದಿದ್ದರೆ ಕೀಲಿನ ಕವಚವೇ ಬಿಗಿದಿರಬಹುದು, ಅದು ಫ್ರೋಜನ್ ಶೋಲ್ಡರ್. ನಲವತ್ತರಿಂದ ಅರವತ್ತರ ನಡುವೆ ಬರುವುದು ಹೆಚ್ಚು, ಸಕ್ಕರೆ ಕಾಯಿಲೆ ಇದ್ದವರಲ್ಲಿ ಇನ್ನೂ ಹೆಚ್ಚು. ಪಂದ್ಯ ಇದಕ್ಕೆ ಕಾರಣವಲ್ಲದಿರಬಹುದು, ಅದು ಗೊತ್ತಾದದ್ದು ಅಂದು ಅಷ್ಟೇ. ಬಲವಂತದಿಂದ ಎಳೆಸಿಕೊಳ್ಳಬೇಡಿ. ನೋವು ಜೋರಿರುವ ಹಂತದಲ್ಲಿ ಎಳೆದಷ್ಟೂ ಕೆರಳುತ್ತದೆ. ಮೇಜಿನ ಮೇಲೆ ನೋವಿಲ್ಲದ ಕೈ ಊರಿ ಬಗ್ಗಿ, ನೋವಿನ ಕೈಯನ್ನು ಗಡಿಯಾರದ ಲೋಲಕದಂತೆ ಎರಡು ನಿಮಿಷ ತೂಗುವುದು, ದಿನಕ್ಕೆ ಮೂರು ಸಲ. ಕೀಲಿಗೆ ಸ್ಟೆರಾಯ್ಡ್ ಇಂಜೆಕ್ಷನ್ ಸಲಹೆ ಬಂದರೆ ನಿಮ್ಮ ಸಕ್ಕರೆಯ ಮಟ್ಟವನ್ನು ಮೊದಲೇ ಹೇಳಿ, ಕೆಲವು ದಿನ ಅದು ಏರುತ್ತದೆ. ವಾಸಿಯಾಗಲು ಒಂದು ವರ್ಷಕ್ಕೂ ಮೀರಬಹುದು. ಈ ಬೇಸಿಗೆಗೆ ಅಂಪೈರಿಂಗ್ ಮಾಡಿ.

ಪ್ರಶ್ನೆ: ಮಗನಿಗೆ 15, ಬಲಗೈ ವೇಗದ ಬೌಲರ್. ಮೂರು ವಾರದಿಂದ ಸೊಂಟದ ಎಡಭಾಗದಲ್ಲಿ ಮಾತ್ರ ನೋವು. ‘ಹಿಡ್ಕೊಂಡಿದೆ, ಎಣ್ಣೆ ತಿಕ್ಕಿ’ ಅನ್ನುತ್ತಾರೆ. ಎಕ್ಸ್‌ರೇ ಸರಿಯಿದೆ.
— ಚಳ್ಳಕೆರೆಯ ಓದುಗರು

ಉತ್ತರ: ಎಣ್ಣೆ ತಿಕ್ಕಿಸಬೇಡಿ, ಬೌಲಿಂಗ್ ಇಂದೇ ನಿಲ್ಲಿಸಿ. ಬೌಲಿಂಗ್ ಕೈಯ ಎದುರು ಬದಿಯಲ್ಲಿ, ಹಿಂದಕ್ಕೆ ಬಾಗಿದಾಗ ಹೆಚ್ಚುವ ನೋವು ಎಳೆಯ ವೇಗದ ಬೌಲರ್‌ನಲ್ಲಿ ಬೆನ್ನುಮೂಳೆಯ ಸ್ಟ್ರೆಸ್ ಫ್ರಾಕ್ಚರ್ (ಪದೇ ಪದೇ ಬೀಳುವ ಹೊರೆಗೆ ಮೂಳೆಯಲ್ಲಿ ಮೂಡುವ ಬಿರುಕು) ಎಂದೇ ಮೊದಲು ಅನುಮಾನಿಸಬೇಕು. ಆರಂಭದಲ್ಲಿ ಎಕ್ಸ್‌ರೇಗೆ ಅದು ಕಾಣದೇ ಇರಬಹುದು, ಎಂಆರ್‌ಐ ಬೇಕಾಗುತ್ತದೆ. ಬೇಗ ಹಿಡಿದರೆ ಮೂಳೆ ಕೂಡುತ್ತದೆ, ಆದರೆ ತಿಂಗಳುಗಳೇ ಬೇಕು. ಇಂಗ್ಲೆಂಡಿನ ವೇಗದ ಬೌಲರ್ ಜೇಮ್ಸ್ ಆ್ಯಂಡರ್ಸನ್‌ಗೂ 2006ರಲ್ಲಿ ಇದೇ ಆಗಿತ್ತು. ಅದೇ ಮನುಷ್ಯ 2024ರ ಜುಲೈನಲ್ಲಿ, 42 ತುಂಬಲು ವಾರಗಳಿದ್ದಾಗ, 188 ಟೆಸ್ಟ್, 704 ವಿಕೆಟ್ ಮುಗಿಸಿ ಹೊರಟರು.

ಪ್ರಶ್ನೆ: ನಮ್ಮೂರಿನ ವಿನಯ್ ಕುಮಾರ್ ವೇಗ ಅಷ್ಟೇನಿರಲಿಲ್ಲ. ಅಷ್ಟು ವರ್ಷ ಹೇಗೆ ನಡೆಯಿತು?
— ದಾವಣಗೆರೆ, ಪಿ.ಜೆ. ಬಡಾವಣೆಯ ಓದುಗರು

ಉತ್ತರ: ಅಷ್ಟೇನಿಲ್ಲದ್ದರಿಂದಲೇ ಎನ್ನಬಹುದು. ‘ದಾವಣಗೆರೆ ಎಕ್ಸ್‌ಪ್ರೆಸ್’ ಎಂಬ ಹೆಸರು ಕೇಳಿ ವೇಗ ನಿರೀಕ್ಷಿಸಿದವರು ನಕ್ಕದ್ದುಂಟು. ಸೀಮ್ ನೆಟ್ಟಗೆ ನಿಲ್ಲಿಸಿ ಹೊರಕ್ಕೆ ಸ್ವಿಂಗ್ ಮಾಡಿಸುವ ಮಣಿಕಟ್ಟಿಗೆ ವಯಸ್ಸಾಗುವುದು ನಿಧಾನ. 2017ರ ಡಿಸೆಂಬರ್‌ನಲ್ಲಿ, 33ರಲ್ಲಿ, ನಾಗಪುರದಲ್ಲಿ ಮುಂಬೈ ವಿರುದ್ಧ ರಣಜಿ ಕ್ವಾರ್ಟರ್ ಫೈನಲ್‌ನಲ್ಲಿ ಹ್ಯಾಟ್ರಿಕ್ ಸಹಿತ 34ಕ್ಕೆ 6. 2021ರ ಫೆಬ್ರವರಿಯಲ್ಲಿ ನಿವೃತ್ತರಾದಾಗ 139 ಪ್ರಥಮ ದರ್ಜೆ ಪಂದ್ಯಗಳಿಂದ 504 ವಿಕೆಟ್.

ಪ್ರಶ್ನೆ: ‘ಟಾಮಿ ಜಾನ್’ ಆಪರೇಷನ್ ಮಾಡಿಸಿದರೆ ಎಸೆತದ ವೇಗ ಹೆಚ್ಚುತ್ತದಂತೆ, ನಿಜವೇ?
— ಚಿತ್ರದುರ್ಗದ ಕಾಲೇಜು ವಿದ್ಯಾರ್ಥಿ

ಉತ್ತರ: ಇಲ್ಲ. ಟಾಮಿ ಜಾನ್ ಒಬ್ಬ ಎಡಗೈ ಪಿಚರ್. 1974ರಲ್ಲಿ ಅವರ ಮೊಣಕೈ ಒಳಬದಿಯ ಲಿಗಮೆಂಟ್ ಹರಿಯಿತು. ಡಾ. ಫ್ರ್ಯಾಂಕ್ ಜೋಬ್ ಬಲ ಮುಂಗೈಯ ಒಂದು ಟೆಂಡನ್ ತೆಗೆದು, ಮೂಳೆಗಳಲ್ಲಿ ರಂಧ್ರ ಕೊರೆದು ಅಲ್ಲಿ ನೇಯ್ದರು. 1975 ಪೂರ್ತಿ ಹೊರಗಿದ್ದು 1976ರಲ್ಲಿ ಮರಳಿದ ಜಾನ್ 1989ರ ತನಕ, 46 ವಯಸ್ಸಿನವರೆಗೆ ಎಸೆದರು. 288 ಗೆಲುವಿನಲ್ಲಿ 164 ಆಪರೇಷನ್ ಆದ ಮೇಲಿನವು. ಇನ್ನೊಬ್ಬ ಪಿಚರ್ ಜಸ್ಟಿನ್ ವರ್ಲ್ಯಾಂಡರ್ 37ರಲ್ಲಿ ಮಾಡಿಸಿಕೊಂಡು 2022ರಲ್ಲಿ 18 ಗೆಲುವು, 4 ಸೋಲಿನೊಂದಿಗೆ ಅತ್ಯುತ್ತಮ ಪಿಚರ್‌ಗೆ ಕೊಡುವ ಸೈ ಯಂಗ್ ಪ್ರಶಸ್ತಿ ಪಡೆದರು. ಆದರೆ 2024ರಲ್ಲಿ ಅವರನ್ನು ಕಾಡಿದ್ದು ಭುಜ ಮತ್ತು ಕತ್ತು. ಒಂದು ಕಡೆ ಹೊಲಿದರೆ ಹೊರೆ ಇನ್ನೊಂದು ಕಡೆ ಹುಡುಕುತ್ತದೆ. ವೇಗ ಹೆಚ್ಚಿದಂತೆ ಕಾಣಲು ಕಾರಣ ಸುಮಾರು ಹನ್ನೆರಡರಿಂದ ಹದಿನೆಂಟು ತಿಂಗಳ ಶಿಸ್ತಿನ ವ್ಯಾಯಾಮ, ವಿಶ್ರಾಂತಿ. ಅದನ್ನು ಕೊಯ್ಯಿಸಿಕೊಳ್ಳದೆಯೂ ಮಾಡಬಹುದು.

ಆ ಟೆಂಡನ್ ನೋಡಬೇಕೆ? ಹೆಬ್ಬೆರಳು-ಕಿರುಬೆರಳು ಕೂಡಿಸಿ ಮಣಿಕಟ್ಟು ಮಡಚಿ, ನಡುವೆ ಹುರಿಯಂತೆ ಎದ್ದು ನಿಲ್ಲುತ್ತದೆ. ಕೆಲವರಿಗೆ ಅದು ಹುಟ್ಟಿನಿಂದಲೇ ಇರುವುದಿಲ್ಲ, ನಷ್ಟವೇನೂ ಇಲ್ಲ. ಕ್ರಿಕೆಟ್‌ನಲ್ಲಿ ಮೊಣಕೈ 15 ಡಿಗ್ರಿಗಿಂತ ಹೆಚ್ಚು ನೇರವಾಗುವಂತಿಲ್ಲ, ಆದ್ದರಿಂದ ಈ ಗಾಯ ಬೌಲರ್‌ಗಳಲ್ಲಿ ಅಪರೂಪ. ಟೆನಿಸ್ ಬಾಲ್‌ನಲ್ಲಿ ಚಕ್ ಮಾಡಿ, ಅಂದರೆ ಮೊಣಕೈ ಮಡಚಿ, ಎಸೆಯುವವರು ಮಾತ್ರ ಪಿಚರ್‌ನ ಹೊರೆಯನ್ನೇ ಹೊರುತ್ತಾರೆ. ಕಿರುಬೆರಳು, ಉಂಗುರ ಬೆರಳು ಜೋಮು ಹಿಡಿಯುತ್ತಿದ್ದರೆ ಎಸೆಯುವುದನ್ನು ನಿಲ್ಲಿಸಿ ತೋರಿಸಿಕೊಳ್ಳಿ.

ಪ್ರಶ್ನೆ: ಪಂದ್ಯಕ್ಕೆ ಮುಂಚೆ ನೋವಿನ ಮಾತ್ರೆ ನುಂಗಿ ಆಡಬಹುದೇ?
— ಜಗಳೂರಿನ ಓದುಗರು

ಉತ್ತರ: ಬೇಡ. ನೋವು ಮುಚ್ಚಿದರೆ ಎಸೆತ ಎಣಿಸುವವರು ಯಾರೂ ಉಳಿಯುವುದಿಲ್ಲ. ಅದಕ್ಕಿಂತ ಮುಖ್ಯ, ಡೈಕ್ಲೋಫೆನಾಕ್‌ನಂಥ ಮಾತ್ರೆಯನ್ನು ಖಾಲಿ ಹೊಟ್ಟೆಗೆ ನುಂಗಿ ಏಪ್ರಿಲ್ ಬಿಸಿಲಲ್ಲಿ ಬೆವರು ಸುರಿಸಿದರೆ ಜಠರಕ್ಕೂ ಮೂತ್ರಪಿಂಡಕ್ಕೂ ಏಟು. ಪಂದ್ಯ ಮುಗಿದ ಮೇಲೆ ಬಟ್ಟೆಯಲ್ಲಿ ಸುತ್ತಿದ ಮಂಜುಗಡ್ಡೆ 15 ನಿಮಿಷ ಇಡಿ. ಐಸನ್ನು ನೇರ ಚರ್ಮಕ್ಕೆ ಒತ್ತಬೇಡಿ.